ನಕ್ಷತ್ರಿಕ ತಟ್ಟುವ ಬಾಗಿಲು

ಮಾತೇ ಇಲ್ಲದ ಸಿನಿಮಾದಲ್ಲಿ ಒಬ್ಬ ನಿಜ ಹೇಳಿದ ಅಂತ ನೋಡುವವರಿಗೆ ಗೊತ್ತಾಗುವುದು ಹೇಗೆ? ತುಟಿ ಅಲ್ಲಾಡುತ್ತದೆ, ದನಿ ಇಲ್ಲ. ಅಕ್ಷರದ ಹಲಗೆ ಬರುವುದಕ್ಕೆ ಇನ್ನೂ ಒಂದು ಗಳಿಗೆ ಇದೆ. ಅಷ್ಟರೊಳಗೇ ಟೆಂಟಿನಲ್ಲಿ ನಗು ಎದ್ದುಬಿಡುತ್ತದೆ. ಯಾಕೆಂದರೆ ಕ್ಯಾಮೆರಾ ಹೇಳಿದವನನ್ನು ಬಿಟ್ಟು ಕೇಳಿಸಿಕೊಂಡವರ ಮೋರೆಗೆ ಹೋಗಿದೆ. ಹುಬ್ಬು ಮೇಲೇರಿದೆ, ಬಾಯಿ ಅರ್ಧಕ್ಕೆ ನಿಂತಿದೆ, ಕೈಯಲ್ಲಿದ್ದ ಲೋಟ ವಾಲುತ್ತಿದೆ. ಹೇಳಿದ್ದೇನು ಅನ್ನುವುದು ನಮಗೆ ಆಮೇಲೆ ತಿಳಿಯುತ್ತದೆ. ಏಟು ಯಾರಿಗೆ ಬಿತ್ತು ಅನ್ನುವುದು ಮೊದಲೇ ಕಂಡಿರುತ್ತದೆ.

1920ರಲ್ಲಿ ಅಮೆರಿಕದಲ್ಲಿ ತೆರೆಗೆ ಬಂದ ‘ನಥಿಂಗ್ ಬಟ್ ದ ಟ್ರುತ್’ ಈ ಜಾತಿಯ ಮೂಕಿ ಚಿತ್ರ. ಫ್ರೆಡರಿಕ್ ಇಶಮ್ 1914ರಲ್ಲಿ ಬರೆದ ಕಾದಂಬರಿಯನ್ನು ಜೇಮ್ಸ್ ಮಾಂಟ್ಗಮರಿ 1916ರಲ್ಲಿ ಬ್ರಾಡ್‌ವೇ ರಂಗಕ್ಕೆ ತಂದಿದ್ದರು. ನಾಟಕ ಚೆನ್ನಾಗಿ ಓಡಿತು. ಟೇಲರ್ ಹೋಮ್ಸ್ ನಾಯಕನಾದ ಸಿನಿಮಾ ಅದರ ಬೆನ್ನಿಗೆ ಬಂತು. ಕಥೆ ಸಣ್ಣದು. ಷೇರು ದಲ್ಲಾಳಿ ಕಚೇರಿಯ ಬಾಬ್ ಬೆನೆಟ್ ಅನ್ನುವ ಹುಡುಗ, 24 ಗಂಟೆ ಕಾಲ ನಿಜ ಬಿಟ್ಟು ಬೇರೇನೂ ಆಡುವುದಿಲ್ಲ ಅಂತ ಕಚೇರಿಯವರ ಜತೆ 10,000 ಡಾಲರ್ ಪಂಥ ಕಟ್ಟುತ್ತಾನೆ. ಸುಳ್ಳಿಲ್ಲದೆ ದಲ್ಲಾಳಿ ವ್ಯಾಪಾರ ನಡೆಯುತ್ತದೆಯೇ ಅನ್ನುವುದು ವಾದ. ಪಂಥ ಶುರುವಾದದ್ದೇ ತಡ, ಏನನ್ನು ಕೇಳಬಾರದೋ ಅದನ್ನೇ ಎಲ್ಲರೂ ಅವನನ್ನು ಕೇಳುತ್ತಾರೆ. ಹಿರಿಯ ಪಾಲುದಾರನ ಹೆಂಡತಿಗೆ ಗಂಡನ ಗುಟ್ಟು ಗೊತ್ತಾಗುತ್ತದೆ, ಮಾರಬೇಕಿದ್ದ ಷೇರಿನ ಬಣ್ಣ ಬಯಲಾಗುತ್ತದೆ, ಮನೆ ರಣರಂಗವಾಗುತ್ತದೆ. 1929ರಲ್ಲಿ ರಿಚರ್ಡ್ ಡಿಕ್ಸ್ ಇದನ್ನೇ ಮಾತಿನ ಚಿತ್ರವಾಗಿ ಆಡಿದ, 1941ರಲ್ಲಿ ಬಾಬ್ ಹೋಪ್ ಆಡಿದ. 1997ರ ಜಿಮ್ ಕ್ಯಾರಿಯ ‘ಲಯರ್ ಲಯರ್’ ಕೂಡ ಇದೇ ಬಳಗದ್ದು.

ಈ ಕಥೆಯಲ್ಲಿ ಎಲ್ಲರೂ ನಗುವಿನ ಭರದಲ್ಲಿ ದಾಟಿಹೋಗುವ ಒಂದು ವಿವರ ಇದೆ. ಆ 10,000 ಡಾಲರ್ ಯಾರದು? ಬಾಬ್‌ನದಲ್ಲ. ಅವನು ಮದುವೆಯಾಗಬೇಕೆಂದಿರುವ ಗ್ವೆನ್ ಎಂಬ ಹುಡುಗಿ ಧರ್ಮಕಾರ್ಯಕ್ಕೆಂದು ಕೂಡಿಸಿದ್ದು. ಎರಡರಷ್ಟು ಮಾಡಿಕೊಡು ಅಂತ ಇವನ ಕೈಗೆ ಕೊಟ್ಟಿದ್ದಳು. ಸತ್ಯದ ಆಣೆ ಇವನದು, ಪಣಕ್ಕಿಟ್ಟ ದುಡ್ಡು ಅವಳದು. ಒಡೆದದ್ದು ಇನ್ಯಾರದೋ ಸಂಸಾರ. ಬಾಬ್‌ಗೆ ತಗುಲಿದ್ದು ಬೈಗುಳ ಮತ್ತು ಬೆವರು.

ನಮ್ಮ ಕಡೆ ಒಂದು ಗಾದೆ ಇದೆ, ಇದ್ದದ್ದು ಇದ್ದಂಗೆ ಹೇಳಿದರೆ ಎದ್ದು ಬಂದು ಎದೆಗೆ ಒದ್ದರಂತೆ. ಒದೆ ತಿನ್ನುವವನು ಹೇಳಿದವನೇ ಅನ್ನುವುದು ಅದರ ಲೆಕ್ಕ. ಕಡೂರು, ತರೀಕೆರೆ, ಅಜ್ಜಂಪುರದ ಸಂತೆ-ಮಂಡಿಯ ಯಾವ ಕಟ್ಟೆಯಲ್ಲಿ ಕೂತರೂ ಯಥಾರ್ಥವಾದಿ ಲೋಕವಿರೋಧಿ ಅಂತ ನಿಟ್ಟುಸಿರು ಬಿಡುವ ಒಬ್ಬರಾದರೂ ಸಿಗುತ್ತಾರೆ. ಅವರ ದುಃಖ ಸುಳ್ಳಲ್ಲ. ಆದರೆ ನಿಜದ ಬಾಕಿ ವಸೂಲಿಗೆ ಬರುವವನು ತಟ್ಟುವುದು ಹೆಚ್ಚಾಗಿ ಪಕ್ಕದ ಮನೆ ಬಾಗಿಲನ್ನು ಅಂತ ನನಗೆ ಅನ್ನಿಸುತ್ತದೆ. ಇದು ಹರಿಕಥೆಯಲ್ಲಿ ಕೇಳಿಸುವುದಿಲ್ಲ, ನಗೆನಾಟಕದಲ್ಲಿ ಕಾಣುತ್ತದೆ.

ನಮ್ಮಲ್ಲೇ ಇದಕ್ಕೆ ಸರಿಸಾಟಿಯಾದ ಕಥೆಯೊಂದಿದೆ. ಮೈಸೂರಿನಲ್ಲಿ ಕೂತು ಇಂಗ್ಲಿಷಿನಲ್ಲಿ ಬರೆದ ಆರ್.ಕೆ. ನಾರಾಯಣ್ ಅವರ ‘ಲೈಕ್ ದ ಸನ್’. ಶೇಖರ್ ಅನ್ನುವ ಮೇಷ್ಟರು, ವರ್ಷಕ್ಕೆ ಒಂದು ದಿನವಾದರೂ ಅಪ್ಪಟ ನಿಜ ಆಡಬೇಕು ಅಂತ ವ್ರತ ಹಿಡಿಯುತ್ತಾರೆ. ಬೆಳಗ್ಗೆ ಹೆಂಡತಿ ಬಡಿಸಿದ ತಿಂಡಿ ಚೆನ್ನಾಗಿಲ್ಲ ಅನ್ನುವಲ್ಲಿಗೆ ಮೊದಲ ಬೋಣಿ. ಶಾಲೆಯಲ್ಲಿ ಸಹೋದ್ಯೋಗಿ ಯಾರೋ ತೀರಿಕೊಂಡ ಸುದ್ದಿ ತಂದು ಅಯ್ಯೋ ಪಾಪ ಅಂದರೆ, ಇವರು ಪಾಪ ಅನ್ನಲು ಒಪ್ಪುವುದಿಲ್ಲ. ಸಂಜೆ ಹೆಡ್‌ಮಾಸ್ಟರು ಮನೆಗೆ ಕರೆದು ಹಾಡುತ್ತಾರೆ. ಸಂಗೀತದ ಹುಚ್ಚು, ಮೇಷ್ಟರನ್ನಿಟ್ಟು ಕಲಿಯುತ್ತಿದ್ದಾರೆ. ಕಲ್ಯಾಣಿ ಆಲಾಪನೆ, ತ್ಯಾಗರಾಜರ ಕೃತಿ, ಒಂದಾದ ಮೇಲೊಂದು. ಕೊನೆಗೆ ಹೇಗಿತ್ತು ಅಂತ ಕೇಳುತ್ತಾರೆ. ಶೇಖರ್ ಹೇಳಿಬಿಡುತ್ತಾರೆ. ಮರುದಿನ ಹೆಡ್‌ಮಾಸ್ಟರು ಸಿಟ್ಟಾಗುವುದಿಲ್ಲ, ಉಪಕಾರವಾಯಿತು ಅನ್ನುತ್ತಾರೆ. ಜತೆಗೆ, ಬಾಕಿ ಇದ್ದ 100 ಉತ್ತರಪತ್ರಿಕೆ ನಾಳೆಯೇ ತಿದ್ದಿ ತರಬೇಕು. ಮೊದಲು ಅದಕ್ಕೆ 10 ದಿನ ಗಡುವು ಕೊಟ್ಟಿದ್ದರು.

ಒಂದು ರಾತ್ರಿ ನಿದ್ದೆಗೆಡುವುದು ದೊಡ್ಡ ದಂಡವಲ್ಲ, ಮೇಷ್ಟರೂ ಹಾಗೇ ಅಂದುಕೊಳ್ಳುತ್ತಾರೆ. ಕಥೆ ಓದಿದವರೂ ಅಲ್ಲಿಗೇ ಮಡಚಿಡುತ್ತಾರೆ. ಹೆಡ್‌ಮಾಸ್ಟರು ನಡುವೆ ಹೇಳಿದ ಒಂದು ಮಾತು ಯಾರ ಗಮನಕ್ಕೂ ಬಾರದೆ ಹೋಗುತ್ತದೆ: ಸಂಗೀತದ ಮೇಷ್ಟರ ಲೆಕ್ಕ ತೀರಿಸಿ ಕಳಿಸಿಬಿಟ್ಟೆ. ಆ ಬಡ ಸಂಗೀತಗಾರ ಕಥೆಯಲ್ಲಿ ಒಮ್ಮೆಯೂ ಬಾಯಿ ಬಿಟ್ಟು ಮಾತಾಡುವುದಿಲ್ಲ. ಮೇಷ್ಟರ ಸತ್ಯವ್ರತಕ್ಕೆ ಸಂಬಳ ಕಳೆದುಕೊಂಡವನು ಅವನು.

ನಾರಾಯಣ್ ಕಥೆಗಳ ಕಲ್ಪನೆಯ ಊರು ಮಾಲ್ಗುಡಿ. ಶಂಕರ್‌ನಾಗ್ ‘ಮಾಲ್ಗುಡಿ ಡೇಸ್’ ಚಿತ್ರಿಸಿದಾಗ ಆ ಊರಿನ ರೈಲು ನಿಲ್ದಾಣವಾದದ್ದು ಅರಸಾಳು. ಬೀರೂರು ಜಂಕ್ಷನ್ನಿನಲ್ಲಿ ಹಳಿ ಎರಡಾಗುತ್ತದೆ. ಒಂದು ಅಜ್ಜಂಪುರದ ಮೇಲೆ ಹುಬ್ಬಳ್ಳಿಗೆ, ಇನ್ನೊಂದು ತರೀಕೆರೆಯ ಮೇಲೆ ಶಿವಮೊಗ್ಗಕ್ಕೆ, ಅಲ್ಲಿಂದ ಮುಂದೆ ಅರಸಾಳಿಗೆ. ಹಾಗಾಗಿ ಮಾಲ್ಗುಡಿಗೆ ಹೋಗಬೇಕಾದವರು ಕಡೂರು ಸೀಮೆಯನ್ನು ದಾಟಿಯೇ ಹೋಗಬೇಕು. ಕಡೂರಿಗೂ ಹೆಸರೊಂದು ಕಡೆ ಬಾಳೊಂದು ಕಡೆ ಅನ್ನುವುದು ಹೊಸದಲ್ಲ: 1947ರವರೆಗೆ ಜಿಲ್ಲೆಗೆ ಕಡೂರು ಜಿಲ್ಲೆ ಅಂತಲೇ ಹೆಸರು, ಕಚೇರಿ ಮಾತ್ರ ಚಿಕ್ಕಮಗಳೂರಿನಲ್ಲಿ.

ಸತ್ಯ ಅಂದ ಕೂಡಲೇ ನಮ್ಮವರಿಗೆ ನೆನಪಾಗುವುದು ಹರಿಶ್ಚಂದ್ರ. ಭಾರತದ ಮೊದಲ ಕಥಾಚಿತ್ರವೂ ಅವನದೇ. ದಾದಾಸಾಹೇಬ್ ಫಾಲ್ಕೆಯವರ ‘ರಾಜಾ ಹರಿಶ್ಚಂದ್ರ’ 1913ರ ಮೇ 3ರಂದು ಬೊಂಬಾಯಿಯ ಕಾರೊನೇಷನ್ ಚಿತ್ರಮಂದಿರದಲ್ಲಿ ಬಿಡುಗಡೆಯಾಯಿತು. ಹರಿಶ್ಚಂದ್ರನಾಗಿ ದಾಬ್ಕೆ, ರಾಣಿ ತಾರಾಮತಿಯಾಗಿ (ನಮ್ಮ ಕಥೆಯಲ್ಲಿ ಅವಳು ಚಂದ್ರಮತಿ) ಸಾಳುಂಕೆ. ಸಿನಿಮಾದಲ್ಲಿ ನಟಿಸಲು ಹೆಣ್ಣುಮಕ್ಕಳು ಯಾರೂ ಮುಂದೆ ಬಾರದೆ, ಹೋಟೆಲಿನಲ್ಲಿ ಅಡುಗೆ ಮಾಡುತ್ತಿದ್ದ ಸಾಳುಂಕೆಗೆ ಸೀರೆ ಉಡಿಸಿದ್ದರು. ಗಂಡನ ಸತ್ಯಕ್ಕಾಗಿ ಮಾರಾಟವಾಗುವ ಹೆಂಗಸಿನ ಪಾತ್ರಕ್ಕೆ ಹೆಂಗಸೇ ಸಿಗಲಿಲ್ಲ! ಫಾಲ್ಕೆ ಇದನ್ನು ಹಾಸ್ಯಕ್ಕೆ ಮಾಡಿದ್ದಲ್ಲ. ಆದರೂ ಉಳಿದಿರುವ ತುಣುಕಿನಲ್ಲಿ ಒದ್ದೆ ಸೀರೆಯ ಗಂಡಸರು ಕೊಳದಿಂದ ಏಳುವುದನ್ನು ಗಂಭೀರವಾಗಿ ನೋಡುವುದು ಕಷ್ಟ.

ಕನ್ನಡದ ಹರಿಶ್ಚಂದ್ರನ ಕಥೆಗೆ ಗಟ್ಟಿ ಬುನಾದಿ ಹಾಕಿದವನು ರಾಘವಾಂಕ. ಅಲ್ಲಿಂದ ಊರೂರಿನ ಬಯಲಾಟಕ್ಕೆ, ಕಂಪನಿ ನಾಟಕಕ್ಕೆ, 1943ರಲ್ಲಿ ಸುಬ್ಬಯ್ಯ ನಾಯ್ಡು ಅವರ ಸಿನಿಮಾಕ್ಕೆ, 1965ರಲ್ಲಿ ಹುಣಸೂರು ಕೃಷ್ಣಮೂರ್ತಿಯವರ ನಿರ್ದೇಶನದಲ್ಲಿ ರಾಜ್‌ಕುಮಾರ್ ಸಿನಿಮಾಕ್ಕೆ. ಎಲ್ಲದರಲ್ಲೂ ಜನ ಅತ್ತದ್ದು ಸುಡುಗಾಡಿನಲ್ಲಿ. ನಕ್ಕದ್ದು ಮಾತ್ರ ನಕ್ಷತ್ರಿಕನಿಗೆ. ವಿಶ್ವಾಮಿತ್ರನ ಬಾಕಿ ವಸೂಲಿಗೆ ರಾಜನ ಬೆನ್ನು ಹತ್ತಿ ಬರುವ ಆ ಶಿಷ್ಯ ಕಾಲು ನೋವು ಅನ್ನುತ್ತಾನೆ, ಹಸಿವು ಅನ್ನುತ್ತಾನೆ, ದಾರಿಯುದ್ದಕ್ಕೂ ಪೀಡಿಸುತ್ತಾನೆ. 1965ರ ಚಿತ್ರದಲ್ಲಿ ಆ ಪಾತ್ರ ನರಸಿಂಹರಾಜು ಅವರದು. ಸಾಲಗಾರನ ಕಾಟ ಹೇಳಬೇಕಾದರೆ ನಮ್ಮವರು ಈಗಲೂ ‘ನಕ್ಷತ್ರಿಕನ ಹಾಗೆ ಬೆನ್ನು ಬಿದ್ದಿದ್ದಾನೆ’ ಅನ್ನುತ್ತಾರೆ.

ಕಥೆ ಕಟ್ಟಿದವರ ಜಾಣತನ ನೋಡಿ. ಸತ್ಯದ ಬಾಕಿ ವಸೂಲಿಗೆ ಅವರು ಕಳಿಸಿದ್ದು ಒಬ್ಬ ಕೋಡಂಗಿಯನ್ನು. ಆ ಕೋಡಂಗಿಗೆ ಮೊದಲು ಸಂದಾಯವಾದದ್ದು ಎಲ್ಲಿಂದ? ಹೆಂಡತಿ ಚಂದ್ರಮತಿಯನ್ನೂ ಮಗ ಲೋಹಿತಾಶ್ವನನ್ನೂ ಮಾರಿದ ಹಣದಿಂದ. ವಿಶ್ವಾಮಿತ್ರನಿಗೆ ಮಾತು ಕೊಟ್ಟವಳು ಅವಳಲ್ಲ, ಆ ಮಗುವಂತೂ ಅಲ್ಲವೇ ಅಲ್ಲ. ಹರಿಶ್ಚಂದ್ರ ತನ್ನನ್ನೂ ಮಾರಿಕೊಂಡ, ನಿಜ. ಆದರೆ ಅವನ ಸರದಿ ಬಂದದ್ದು ಅವರಿಬ್ಬರ ಸರದಿ ಮುಗಿದ ಮೇಲೆ.

ಒಬ್ಬನ ಸತ್ಯಕ್ಕೆ ಇನ್ನೊಬ್ಬರು ಬೆಲೆ ತೆರುವುದನ್ನೇ ಹಿಡಿದು ಪೂರಾ ನಗೆನಾಟಕ ಕಟ್ಟಿದವನು ಸಂಸ್ಕೃತದ ನಾಟಕಕಾರ ಶೂದ್ರಕ. ಅವನ ‘ಮೃಚ್ಛಕಟಿಕ’ವನ್ನು ಆಧರಿಸಿಯೇ ಕರ್ನಾಟಕದ ಮೂಕಿ ಯುಗದ ಬಹಳ ಹೆಸರಾದ ಚಿತ್ರವೊಂದು 1930ರ ಆಚೀಚೆ ತಯಾರಾಯಿತು: ಮೋಹನ್ ಭವನಾನಿ ನಿರ್ದೇಶಿಸಿದ ‘ವಸಂತಸೇನಾ’. ನಟವರ್ಗ ಆ ಕಾಲಕ್ಕೆ ಅಚ್ಚರಿಯದು. ಏಣಾಕ್ಷಿ ರಾಮರಾವ್, ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯ, ಜತೆಗೆ ನಮ್ಮ ಟಿ.ಪಿ. ಕೈಲಾಸಂ. ಸಾಳುಂಕೆಗೆ ಸೀರೆ ಉಡಿಸಿ ಇನ್ನೂ ಎರಡು ದಶಕ ಕಳೆದಿರಲಿಲ್ಲ. ಓದಿದ ಮನೆಯ ಹೆಣ್ಣುಮಕ್ಕಳು, ಅದರಲ್ಲೂ ಸ್ವಾತಂತ್ರ್ಯ ಹೋರಾಟದಲ್ಲಿ ಹೆಸರಾದ ಕಮಲಾದೇವಿಯಂಥವರು ಕ್ಯಾಮೆರಾ ಎದುರು ಬಂದು ನಿಂತರೆ ಊರು ಏನನ್ನುತ್ತಿತ್ತು ಅಂತ ಊಹಿಸುವುದು ಕಷ್ಟವಲ್ಲ. ಇನ್ನು ಕೈಲಾಸಂ! ಇಂಗ್ಲಿಷು ಕನ್ನಡ ಬೆರೆಸಿ ಪಟಪಟನೆ ಸಿಡಿಸುವ ಬಾಯಿಗೆ ಕನ್ನಡ ರಂಗಭೂಮಿಯೇ ಕಿವಿಯಾಗಿದ್ದಾಗ, ಆ ಮನುಷ್ಯನನ್ನು ಕರೆದುಕೊಂಡು ಹೋಗಿ ಮೂಕಿ ಚಿತ್ರದಲ್ಲಿ ನಿಲ್ಲಿಸಿದರು. ಅದೇ ಆಸುಪಾಸಿನಲ್ಲಿ ಗುಬ್ಬಿ ವೀರಣ್ಣನವರೂ ಬೆಲ್ಜಿಯಂನ ರಫೇಲ್ ಆಲ್ಗೋಟ್ ಜತೆ ‘ಹಿಸ್ ಲವ್ ಅಫೇರ್’ ಎಂಬ ಮೂಕಿಗೆ ಕೈಹಾಕಿದರು. ಹಾಡು ಮಾತುಗಳ ದಿಗ್ಗಜರೆಲ್ಲ ಬಾಯಿ ಮುಚ್ಚಿ ಅಭಿನಯಿಸಿದ ಕಾಲ ಅದು. ಕನ್ನಡ ಸಿನಿಮಾಕ್ಕೆ ಮಾತು ಬಂದದ್ದು 1934ರ ‘ಸತಿ ಸುಲೋಚನಾ’ದಲ್ಲಿ.

‘ಮೃಚ್ಛಕಟಿಕ’ವನ್ನು ನಾವು ಪ್ರೇಮಕಥೆಯೆಂದು ಓದುತ್ತೇವೆ. ನನ್ನ ಮಟ್ಟಿಗೆ ಅದು ಸಜ್ಜನಿಕೆಯ ಖರ್ಚುವೆಚ್ಚದ ಪುಸ್ತಕ. ಉಜ್ಜಯಿನಿಯ ಚಾರುದತ್ತ ದಾನಕೊಟ್ಟೇ ಬಡವನಾದವನು. ಅವನನ್ನು ಮೆಚ್ಚಿದ ಗಣಿಕೆ ವಸಂತಸೇನೆ ಅವನ ಮನೆಯಲ್ಲಿ ತನ್ನ ಒಡವೆಯನ್ನು ಜೋಪಾನಕ್ಕೆಂದು ಇಟ್ಟು ಹೋಗುತ್ತಾಳೆ. ರಾತ್ರಿ ಶರ್ವಿಲಕ ಗೋಡೆಗೆ ಕನ್ನ ಹಾಕಿ ಒಳಗೆ ಬಂದರೆ, ವಿದೂಷಕ ಮೈತ್ರೇಯ ನಿದ್ದೆಗಣ್ಣಿನಲ್ಲಿ ಒಡವೆಯ ಗಂಟನ್ನು ಕಳ್ಳನ ಕೈಗೇ ಕೊಡುತ್ತಾನೆ. ಇದಕ್ಕೆ ಮಾತು ಬೇಕೇ? ಶೂದ್ರಕನಿಗೆ ಕ್ಯಾಮೆರಾ ಗೊತ್ತಿರಲಿಲ್ಲ ಅಷ್ಟೆ.

ಬೆಳಗಾದ ಮೇಲೆ ಮೈತ್ರೇಯ ಸುಲಭದ ದಾರಿ ತೋರಿಸುತ್ತಾನೆ: ಯಾರು ಕೊಟ್ಟರು, ಯಾರು ನೋಡಿದರು ಅಂದುಬಿಡೋಣ. ಚಾರುದತ್ತ ಸಿಡಿಯುತ್ತಾನೆ, ಭಿಕ್ಷೆ ಬೇಡಿಯಾದರೂ ತೀರಿಸುತ್ತೇನೆ, ಸುಳ್ಳು ಹೇಳುವುದಿಲ್ಲ. ಅವನ ಸಂಕಟ ಬೇರೆ: ಕಳುವಾಯಿತು ಅಂತ ನಿಜ ಹೇಳಿದರೆ ನಂಬುವವರು ಯಾರು? ಬಡವನ ಬಾಯಿಂದ ಬಂದ ನಿಜಕ್ಕೆ ಬೆಲೆ ಇಲ್ಲ. ಒಳಗೆ ಹೆಂಡತಿ ಧೂತಾಗೆ ಸುದ್ದಿ ಮುಟ್ಟುತ್ತದೆ. ತವರಿನಿಂದ ತಂದ ರತ್ನಹಾರ ಒಂದೇ ಅವಳ ಪಾಲಿಗೆ ಉಳಿದದ್ದು. ನೇರವಾಗಿ ಕೊಟ್ಟರೆ ಗಂಡ ನೊಂದುಕೊಳ್ಳುತ್ತಾನೆ ಅಂತ, ವ್ರತದ ದಾನ ಅನ್ನುವ ನೆಪ ಹೂಡಿ ಮೈತ್ರೇಯನ ಕೈಗೆ ಹಾಕುತ್ತಾಳೆ. ಸುಳ್ಳು ನಂಬರ್ ಒಂದು. ಈಗ ತಾನೇ ಸುಳ್ಳು ಹೇಳೆನೆಂದ ಚಾರುದತ್ತ ಆ ಹಾರವನ್ನು ವಸಂತಸೇನೆಗೆ ಕಳಿಸಿ, ನಿನ್ನ ಒಡವೆಯನ್ನು ನನ್ನದೇ ಅಂದುಕೊಂಡು ಜೂಜಿನಲ್ಲಿ ಸೋತೆ, ಬದಲಿಗೆ ಇದನ್ನು ಇಟ್ಟುಕೋ ಅಂತ ಹೇಳಿಸುತ್ತಾನೆ. ಸುಳ್ಳು ನಂಬರ್ ಎರಡು. ಅಷ್ಟರಲ್ಲಿ ಕದ್ದ ಒಡವೆ ಸುತ್ತಿ ಬಳಸಿ ವಸಂತಸೇನೆಯ ಕೈಗೇ ಬಂದಿರುತ್ತದೆ. ಅವಳಿಗೆ ಎಲ್ಲ ಗೊತ್ತು. ಮಳೆಯಲ್ಲಿ ನೆನೆದು ಅವನ ಮನೆಗೆ ಬಂದು, ನಿಮ್ಮ ಹಾರವನ್ನು ನಾನೂ ಜೂಜಿನಲ್ಲಿ ಸೋತೆ, ಬದಲಿಗೆ ಈ ಒಡವೆ ತೆಗೆದುಕೊಳ್ಳಿ ಅಂತ ಹೇಳಿಸುತ್ತಾಳೆ. ಸುಳ್ಳು ಮೂರು. ಒಬ್ಬರ ಮಾನ ಉಳಿಸಲು ಒಬ್ಬರು ಹೇಳಿದ ಈ ಸುಳ್ಳುಗಳಲ್ಲಿ ಎಷ್ಟು ಪ್ರೀತಿ! ಆದರೆ ಚಾರುದತ್ತನ ಪ್ರಾಮಾಣಿಕತೆಗೆ ಬಿದ್ದ ಬೆಲೆ ಎಷ್ಟು ಅಂತ ಕೇಳಿದರೆ, ಧೂತಾಳ ಒಂದು ರತ್ನಹಾರ. ಅವಳು ಅದಕ್ಕೆ ರಸೀದಿಯನ್ನೂ ಕೇಳಲಿಲ್ಲ.

ಆಮೇಲೆ ಬಂಡಿ ಅದಲುಬದಲಾಗುವ ಅಂಕ. ಹಳ್ಳಿಯ ಗಾಡಿಗಳು ದಾರಿಗೆ ಅಡ್ಡವಾಗಿ ನಿಂತು, ರಾಜನ ಭಾವಮೈದುನ ಶಕಾರನ ಬಂಡಿ ಚಾರುದತ್ತನ ಬಾಗಿಲಲ್ಲೇ ನಿಲ್ಲಬೇಕಾಗುತ್ತದೆ. ವಸಂತಸೇನೆ ತನಗೆಂದು ಬಂದ ಬಂಡಿ ಅದೇ ಅಂದುಕೊಂಡು ಹತ್ತುತ್ತಾಳೆ. ಅಜ್ಜಂಪುರದ ಹತ್ತಿರ ಅಂತರಘಟ್ಟೆ ದುರ್ಗಾಂಬೆಯ ಜಾತ್ರೆಗೆ ಪಾನಕದ ಗಾಡಿ ಹೊಡೆದುಕೊಂಡು ಹೋಗುವವರನ್ನು ಕಂಡವರಿಗೆ ಈ ಅಂಕ ವಿವರಿಸುವ ಅಗತ್ಯ ಇಲ್ಲ. ಆ ದಿನ ಆ ದಾರಿಯಲ್ಲಿ ಯಾರ ಎತ್ತು ಯಾರ ಗಾಡಿಗೆ ಎದುರಾಗುತ್ತದೋ ದೇವರಿಗೇ ಗೊತ್ತು.

ನ್ಯಾಯಾಲಯದ ಅಂಕಕ್ಕೆ ಬಂದರೆ ನಗು ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ವಸಂತಸೇನೆಯ ಕತ್ತು ಹಿಸುಕಿ, ಸತ್ತಳೆಂದುಕೊಂಡ ಶಕಾರ, ಕೊಂದವನು ಚಾರುದತ್ತ ಅಂತ ದೂರು ಕೊಡುತ್ತಾನೆ. ಸಾಕ್ಷಿಗೆ ಅವಳ ತಾಯಿಯನ್ನು ಕರೆಸುತ್ತಾರೆ. ಮಗಳು ಎಲ್ಲಿಗೆ ಹೋದಳು? ಚಾರುದತ್ತನ ಮನೆಗೆ, ಅಂತ ಮುದುಕಿ ಇದ್ದದ್ದು ಇದ್ದಂತೆ ಹೇಳುತ್ತಾಳೆ. ಅವನು ಕೊಲೆಗಾರನಲ್ಲ ಅಂತ ಅವಳಿಗೆ ಗೊತ್ತು, ಆದರೂ ಅವಳ ನಿಜ ಅವನ 
ಕೊರಳಿಗೇ ಬೀಳುತ್ತದೆ. ಅಷ್ಟರಲ್ಲಿ ಮೈತ್ರೇಯ ಓಡಿ ಬಂದು ಶಕಾರನ ಜತೆ ಜಗಳಕ್ಕೆ ಬೀಳುತ್ತಾನೆ, ಅವನ ಬಳಿ ಇದ್ದ ವಸಂತಸೇನೆಯ ಒಡವೆ ಸಭೆಯ ನಡುವೆ ಉದುರುತ್ತದೆ. ಚಾರುದತ್ತನ ಮಗು ಮಣ್ಣಿನ ಬಂಡಿ ಬೇಡ, ಚಿನ್ನದ ಬಂಡಿ ಬೇಕು ಅಂತ ಅತ್ತಾಗ ಅವಳೇ ಅದರಲ್ಲಿ ತುಂಬಿಸಿಕೊಟ್ಟ ಒಡವೆ ಅದು. ಮುದುಕಿಗೆ ಈಗ ಬುದ್ಧಿ ಬರುತ್ತದೆ. ಇವು ಹಾಗೇ ಕಾಣುತ್ತವೆ, ಆದರೆ ನನ್ನ ಮಗಳದಲ್ಲ ಅನ್ನುತ್ತಾಳೆ. ಮಗಳನ್ನು ಕಳೆದುಕೊಂಡೆನೆಂದು ನಂಬಿದ ತಾಯಿ ಹೇಳಿದ ಸುಳ್ಳು ಅದು. ಅದನ್ನು ಹಾಳು ಮಾಡಿದವನು ಚಾರುದತ್ತನೇ: ಅಲ್ಲ, ಅವಳದೇ.

ನಾಟಕದಲ್ಲಿ ನನಗೆ ಎಲ್ಲರಿಗಿಂತ ದೊಡ್ಡವನಾಗಿ ಕಾಣುವವನು ಚಾರುದತ್ತನಲ್ಲ, ಸ್ಥಾವರಕ. ಶಕಾರನ ಬಂಡಿ ಹೊಡೆಯುವ ಆಳು. ಕೊಲೆ ಮಾಡು ಅಂದಾಗ ಒಲ್ಲೆ ಅಂದವನು. ಅವನನ್ನು ಸಂಕೋಲೆ ಹಾಕಿ ಉಪ್ಪರಿಗೆಯಲ್ಲಿ ಕೂಡಿರುತ್ತಾರೆ. ಚಾರುದತ್ತನನ್ನು ವಧೆಗೆ ಒಯ್ಯುವುದು ಕಿಟಕಿಯಿಂದ ಕಂಡಾಗ ಮೇಲಿಂದ ಧುಮುಕಿ, ಕೊಂದವನು ನನ್ನ ಒಡೆಯ ಅಂತ ಕೂಗುತ್ತಾನೆ. ಶಕಾರ ಒಂದೇ ಮಾತಿನಲ್ಲಿ ತಳ್ಳಿಹಾಕುತ್ತಾನೆ: ಇವನು ಕಳ್ಳ, ಹೊಡೆಸಿದ್ದೇನೆ, ಆ ಸಿಟ್ಟಿಗೆ ಹೇಳುತ್ತಾನೆ. ಸಾಕು. ಆಳಿನ ನಿಜಕ್ಕೆ ಅಷ್ಟೇ ಆಯುಸ್ಸು. ಅದೇ ಮಾತನ್ನು ಒಬ್ಬ ಸಾಹುಕಾರ ಹೇಳಿದ್ದರೆ ಬೀದಿ ನಿಲ್ಲುತ್ತಿತ್ತು. ಮೂಕಿ ಚಿತ್ರದಲ್ಲಿ ಈ ದೃಶ್ಯ ಹೇಗೆ ಕಾಣಬಹುದು ಅಂತ ಯೋಚಿಸಿ: ಎಲ್ಲರದೂ ಮೂಕ ಬಾಯಿಯೇ, ಒಡೆಯನದೂ ಆಳಿನದೂ. ಯಾರ ಕೊರಳು ನಿಜವಾಗಿ ಮುಚ್ಚಿದೆ ಅನ್ನುವುದು ಸುತ್ತ ನಿಂತವರ ಬೆನ್ನು ತಿರುಗಿದಾಗ ತಿಳಿಯುತ್ತದೆ. 1941ರಲ್ಲಿ ಕನ್ನಡದ ‘ವಸಂತಸೇನಾ’ ಮಾತಾಡಿತು, ಆರ್. ನಾಗೇಂದ್ರರಾಯರ ಶಕಾರ ಮನೆಮಾತಾದ. 1984ರಲ್ಲಿ ಗಿರೀಶ ಕಾರ್ನಾಡರು ಇದನ್ನೇ ಹಿಂದಿಯಲ್ಲಿ ‘ಉತ್ಸವ್’ ಮಾಡಿದರು, ಅಲ್ಲಿ ಶಶಿ ಕಪೂರ್ ಶಕಾರ. ಜನಕ್ಕೆ ನೆನಪಿರುವುದು ಶಕಾರ. ಸ್ಥಾವರಕನ ಪಾತ್ರ ಯಾರು ಮಾಡಿದರು ಅಂತ ಕೇಳುವವರಿಲ್ಲ.

ಬಾಬ್ ಬೆನೆಟ್‌ನ ಪಂಥವನ್ನು ನಮ್ಮ ಸೀಮೆಯಲ್ಲಿ ಚಿತ್ರಿಸಬೇಕೆಂದರೆ ಎಲ್ಲಿಂದ ಶುರು ಮಾಡಬಹುದು? ತರೀಕೆರೆಯ ಅಡಿಕೆ ಮಂಡಿ ಒಳ್ಳೆಯ ಜಾಗ. ರಾಶಿ, ಬೆಟ್ಟೆ, ಗೊರಬಲು ಅಂತ ದರ್ಜೆ ಬೇರೆ ಬೇರೆ, ಒಂದರ ಜಾಗಕ್ಕೆ ಇನ್ನೊಂದು ಹೇಗೆ ಬರುತ್ತದೆ ಅಂತ ಗುಮಾಸ್ತನಿಗೆ ಗೊತ್ತು. ಅಜ್ಜಂಪುರದ ಈರುಳ್ಳಿ ಚೀಲವೂ ಆಗಬಹುದು: ಬಾಯಿ ಕಡೆ ದಪ್ಪ ಗಡ್ಡೆ, ತಳದಲ್ಲಿ ಗೋಲಿ. ಆದರೆ ವ್ಯಾಪಾರದ ಸುಳ್ಳಿಗೆ ನಗು ಬೇಗ ಬತ್ತುತ್ತದೆ, ಅದು ಎಲ್ಲರಿಗೂ ಗೊತ್ತಿದ್ದದ್ದೇ. ನಮ್ಮ ದನದ ಜಾತ್ರೆಗಳಲ್ಲಿ ದಲ್ಲಾಳಿಗಳು ಟವೆಲಿನ ಕೆಳಗೆ ಕೈ ಹಿಡಿದು ಬೆರಳ ಲೆಕ್ಕದಲ್ಲೇ ದರ ಕುದುರಿಸುತ್ತಿದ್ದದ್ದು ಯಾಕೆ? ಎದುರಿಗೆ ನಿಂತ ಹತ್ತು ಜನಕ್ಕೆ ಬೆಲೆ ತಿಳಿಯಬಾರದು ಅಂತ. ನಿಜ ಇಬ್ಬರ ನಡುವೆ ಇರುತ್ತದೆ, ಮಿಕ್ಕವರ ಮುಂದೆ ಮೋರೆಯಲ್ಲಿ ಗೀರು ಕೂಡ ಮೂಡುವುದಿಲ್ಲ. ನಮ್ಮ ನೆಲದ ಅಸಲಿ ಮೂಕಿ ನಟನೆ ನೋಡಬೇಕೆಂದರೆ ಆ ದಲ್ಲಾಳಿಯ ಮುಖ ನೋಡಬೇಕು.

ನಾನಾದರೆ ಕ್ಯಾಮೆರಾವನ್ನು ಕಡೂರಿನ ಯಾವುದೋ ಬೀದಿಯ ಕೊನೆಯ ಅಂಗಡಿ ಮುಂದೆ ಇಡುತ್ತೇನೆ. ಹೆಣ್ಣಿನ ಕಡೆಯವರು ಬಂದಿದ್ದಾರೆ. ಹುಡುಗನ ಮನೆಗೆ ಹೋಗುವ ಮೊದಲು ಒಂದು ಸೋಡಾ ಕುಡಿಯುವ ನೆಪದಲ್ಲಿ ಅಂಗಡಿಯವರನ್ನು ಕೇಳುತ್ತಾರೆ, “ಹುಡುಗ ಹೆಂಗಣ್ಣ?” ನೂರು ಸುಳ್ಳು ಹೇಳಿ ಒಂದು ಮದುವೆ ಮಾಡು ಅನ್ನುವ ನಾಡಿನಲ್ಲಿ ಈ ಪ್ರಶ್ನೆಗೆ ಸಿದ್ಧ ಉತ್ತರ ಇದೆ: “ಒಳ್ಳೆ ಹುಡುಗ, ತಾನಾಯ್ತು ತನ್ನ ಕೆಲಸ ಆಯ್ತು.” ನಮ್ಮ ಅಂಗಡಿಯವರು ಇವತ್ತು ಪಂಥ ಕಟ್ಟಿದ್ದಾರೆ. ಹುಡುಗ ಕುಡಿಯುತ್ತಾನೆ ಅನ್ನುತ್ತಾರೆ. ಹೆಣ್ಣಿನ ತಂದೆಯ ಕೈಯಲ್ಲಿದ್ದ ಸೋಡಾ ಬಾಟಲಿ ನಿಲ್ಲುತ್ತದೆ. ಇಲ್ಲಿ ಅಂಗಡಿಯವರು ಮಾಡಿದ್ದು ತಪ್ಪು ಅನ್ನಲು ನನ್ನಿಂದ ಆಗದು. ಒಂದು ಹೆಣ್ಣಿನ ಬದುಕು ಉಳಿಯಿತು. ಅದೇ ಅಂಗಡಿಯವರು ಮರುದಿನ, ಬೇರೊಂದು ಮನೆಯ ಹುಡುಗಿಯ ಬಗ್ಗೆ ಕೇಳಿದಾಗ, ಅವಳು ಕಾಲೇಜಿನಲ್ಲಿ ಯಾರನ್ನೋ ಇಷ್ಟಪಟ್ಟಿದ್ದಳು ಅನ್ನುವ ನಿಜವನ್ನೂ ಅದೇ ದನಿಯಲ್ಲಿ ಹೇಳುತ್ತಾರೆ. ಎರಡೂ ನಿಜವೇ. ಎರಡಕ್ಕೂ ಅಂಗಡಿಯವರಿಂದ ಹೋದದ್ದು ಏನೂ ಇಲ್ಲ, ಹೆಚ್ಚೆಂದರೆ ಎರಡು ಮನೆಯ ಗಿರಾಕಿ.

ತಿಥಿಯೂಟದಲ್ಲಿ ಸತ್ತವರ ಬಗ್ಗೆ, ಗೃಹಪ್ರವೇಶದಲ್ಲಿ ಮನೆಯ ಬಗ್ಗೆ, ತಾಲ್ಲೂಕು ಕವಿಗೋಷ್ಠಿಯಲ್ಲಿ ಕವಿತೆಯ ಬಗ್ಗೆ 24 ಗಂಟೆಯ ಸತ್ಯವ್ರತ ಹಿಡಿದರೆ ಏನಾಗುತ್ತದೆ ಅಂತ ಓದುಗರೇ ಚಿತ್ರಿಸಿಕೊಳ್ಳಬಹುದು. ಕವಿಗೋಷ್ಠಿಯದು ಮಾತ್ರ ಬೇಡ, ಅದು ಹಾಸ್ಯದ ಎಲ್ಲೆ ಮೀರುತ್ತದೆ.

ಸತ್ಯಕ್ಕೆ ನಮ್ಮ ಮಕ್ಕಳು ಮೊದಲು ಅಳುವುದು ಗೋವಿನ ಹಾಡಿಗೆ. ಅದರಲ್ಲೂ ಲೆಕ್ಕ ತಿರುಗಿದೆ. ಮಾತು ಉಳಿಸಿಕೊಂಡ ಪುಣ್ಯಕೋಟಿ ಕರುವಿನ ಬಳಿಗೆ ಮರಳುತ್ತಾಳೆ. ಪ್ರಾಣ ಬಿಟ್ಟದ್ದು ಆ ನಿಜವನ್ನು ಕೇಳಿಸಿಕೊಂಡ ಹುಲಿ. ಅಜ್ಜಂಪುರದ ಅಮೃತ್ ಮಹಲ್ ತಳಿ ಸಂವರ್ಧನ ಕೇಂದ್ರದ ಕಾವಲಿನಲ್ಲಿ ಆ ಉದ್ದ ಚೂಪು ಕೊಂಬಿನ ದನಗಳನ್ನು ನೋಡಿದರೆ ನನಗೆ ಒಂದು ಸಂಶಯ ಬರುತ್ತದೆ: ಇವು ಹುಲಿಗೆ ಮಾತು ಕೊಟ್ಟು ಬರುವ ಜಾತಿಯವಲ್ಲ. ಟಿಪ್ಪುವಿನ ಸೇನೆಯ ಸಾಮಾನು ಎಳೆದ ಈ ತಳಿಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ.

ಬಾಕಿ ಸರಿಯಾದ ಬಾಗಿಲಿಗೆ ಬಂದ ಒಂದು ಕಥೆಯೂ ಇಲ್ಲವೇ ಅಂದರೆ, ಇದೆ, ಕಡೂರು ತಾಲ್ಲೂಕಿನಲ್ಲೇ ಇದೆ. ದೇವನೂರಿನ ಲಕ್ಷ್ಮೀಶ ತನ್ನ ‘ಜೈಮಿನಿ ಭಾರತ’ದಲ್ಲಿ ಸುಧನ್ವನ ಕಥೆ ಹೇಳುತ್ತಾನೆ. ಅರ್ಜುನನ ಕಾವಲಿನಲ್ಲಿ ಬಂದ ಧರ್ಮರಾಯನ ಯಜ್ಞದ ಕುದುರೆ ಕಟ್ಟಿದ ಹಂಸಧ್ವಜ ರಾಜ ಡಂಗುರ ಸಾರಿಸಿದ್ದಾನೆ: ಯುದ್ಧಕ್ಕೆ ತಡವಾಗಿ ಬಂದವರನ್ನು ಕುದಿಯುವ ಎಣ್ಣೆ ಕೊಪ್ಪರಿಗೆಗೆ ಹಾಕಿಸುತ್ತೇನೆ. ತಡವಾಗಿ ಬಂದವನು ಸ್ವಂತ ಮಗ. ಕಾರಣ, ಹೆಂಡತಿ ಪ್ರಭಾವತಿ ಆ ರಾತ್ರಿ ಅವನನ್ನು ಬಿಡಲಿಲ್ಲ. ನೆಪ ಹೇಳಬಹುದಿತ್ತು, ಕುದುರೆಯ ಲಾಳ ಕಳಚಿತು ಅನ್ನಬಹುದಿತ್ತು. ಸುಧನ್ವ ಇದ್ದದ್ದನ್ನೇ ಹೇಳಿದ. ತಂದೆ ಹಿಂದೆಮುಂದೆ ನೋಡಿದ. ಆಗ ಶಂಖ, ಲಿಖಿತ ಅನ್ನುವ ಪುರೋಹಿತರಿಬ್ಬರು ಎದ್ದರು. ಆಡಿದ ಮಾತಿಗೆ ತಪ್ಪುವ ರಾಜನ ನಾಡಿನಲ್ಲಿ ನಾವಿರುವುದಿಲ್ಲ ಅಂದರು. ಅವರ ಮೈಮೇಲೆ ಒಂದು ಹನಿ ಎಣ್ಣೆಯೂ ಬೀಳುವ ಸಂಭವ ಇರಲಿಲ್ಲ, ಹಾಗಾಗಿ ಸತ್ಯದ ಮೇಲೆ ಅಪಾರ ಭಕ್ತಿ. ರಾಜನ ಮಾತಿಗೆ ಮಗನ ಮೈ.

ಸುಧನ್ವನನ್ನು ಕೊಪ್ಪರಿಗೆಗೆ ಹಾಕಿದರು. ಅವನು ಹರಿಯನ್ನು ನೆನೆಯುತ್ತ ಸುಖವಾಗಿ ಕೂತ. ಪುರೋಹಿತರಿಗೆ ಅನುಮಾನ: ಎಣ್ಣೆ ಕಾದಿಲ್ಲವೋ ಏನೋ, ತಂದೆ ಮಗ ಸೇರಿ ಏನೋ ಆಟ ಹೂಡಿರಬೇಕು. ಪರೀಕ್ಷೆ ಆಗಲಿ ಅಂತ ಒಂದು ತೆಂಗಿನಕಾಯಿ ತರಿಸಿ ಎಣ್ಣೆಗೆ ಹಾಕಿಸಿ, ಬಗ್ಗಿ ನೋಡಿದರು. ಕಾಯಿ ಢಬ್ಬೆಂದು ಸಿಡಿಯಿತು. ಒಂದು ಹೋಳು ಶಂಖನ ಹಣೆಗೆ, ಇನ್ನೊಂದು ಹೋಳು ಲಿಖಿತನ ಹಣೆಗೆ.

ಯಾರಾದರೂ ಇದನ್ನು ದೇವನೂರಿನಲ್ಲೇ ಚಿತ್ರೀಕರಿಸಲಿ, ಮಾತೇ ಬೇಡ. ಕಡೂರು ತೆಂಗಿನ ಸೀಮೆ, ಎಷ್ಟು ಸಲ ಟೇಕ್ ತೆಗೆದುಕೊಂಡರೂ ಕಾಯಿಗೆ ಬರ ಇಲ್ಲ.